ಹೌದುಗಲ್ಲು

“ತಿಂಡಿ ಆಯ್ತಾ ರಂಗಕ್ಕ?” ಎಂದು ಜೊತೆಯಲ್ಲಿ ಶುಂಠಿ ತೊಳೆಯುತ್ತಿದ್ದ ಚೋಮಿ ಕೇಳಿದಳು. “ಆಯ್ತು ಕಣೆ” ಎಂದಳು ರಂಗಮ್ಮ. ಆಗಿರಲಿಲ್ಲ. ಯಾರಾದರೂ ಕೇಳಿದರೆ ಆಯ್ತು ಅನ್ನಬೇಕು, ಅಷ್ಟೆ. ಆದರೆ ಅಂದ ಮರುಕ್ಷಣವೇ ಹೊಟ್ಟೆ ಗಡದ್ದಾಗಿ ತುಂಬಿತು, ತಿನ್ನದೇ ಇದ್ದ ಅಕ್ಕಿರೊಟ್ಟಿಯ ತೇಗೂ ಬಂತು. ನೀರಿನಲ್ಲಿದ್ದ ಕೈ ಅಲ್ಲೇ ನಿಂತಿತು. ಆ ಕೈಯಲ್ಲಿ, ಗಡ್ಡೆಗಳ ಸಂದಿನಿಂದ ಆಗಷ್ಟೇ ಬಿಡಿಸಿದ ಕಲ್ಲೊಂದಿತ್ತು. ಪಾಚಿ ಬಣ್ಣದ್ದು. ಕೋಳಿ ಈಗ ತಾನೆ ಇಟ್ಟ ಮೊಟ್ಟೆಯ ಹಾಗೆ ಬೆಚ್ಚಗಿತ್ತು.

ಚೋಮಿ ಬಗ್ಗಿ ನೋಡಿದವಳೇ ಒಂದು ಹೆಜ್ಜೆ ಹಿಂದೆ ಸರಿದಳು. “ಅಯ್ಯೋ, ಹೌದುಗಲ್ಲು ಕಣಕ್ಕ! ನಮ್ಮಜ್ಜಿ ಹೇಳ್ತಿದ್ದದ್ದು ಇದ್ನೇ. ಕೈಲಿ ಹಿಡ್ಕಂಡು ನಮ್ಮ ಬಗ್ಗೆ ನಾವು ಏನಂದ್ರೂ ಅದು ಹೌದು ಅಂತದೆ. ಅಂದಂಗೇ ಆಗ್ತದೆ. ಆಮೇಲೆ ಬದಲಾಯಿಸ್ಬೇಕಂದ್ರೂ ಅಂದೋರೇ ಹಿಡ್ಕಂಡು ಹೇಳ್ಬೇಕು.”

“ಬೇರೆಯೋರ ವಿಷ್ಯ ಹೇಳಿದ್ರೆ?”

“ಅದಕ್ಕೆ ಕಿವುಡು.”

ಕಿವುಡು ಎಂದು ಕೇಳಿದ ಮೇಲೂ ರಂಗಮ್ಮನಿಗೆ ತಡೆಯಲಾಗಲಿಲ್ಲ. ಕಲ್ಲನ್ನು ಮುಷ್ಟಿಯಲ್ಲಿ ಬಿಗಿಹಿಡಿದು, “ನನ್ನ ಅನು ಬಂದ್ಲು” ಎಂದು ಕುಶಾಲನಗರದ ರಸ್ತೆಯನ್ನೇ ನೋಡಿದಳು. ಹಾಲಿನ ಗಾಡಿ ಹೋಯಿತು. ಅದರ ಹಿಂದೆ ಧೂಳು ಹೋಯಿತು. ಮಗಳು ಅನುಶ್ರೀ ಮದುವೆಯಾದ ವರ್ಷವೇ ಜ್ವರ ಬಂದು ತೀರಿಕೊಂಡವಳು. ಚೋಮಿ ಬುಟ್ಟಿ ಎತ್ತಿಕೊಂಡು ಆಚೆ ಹೋದಳು.

ಪಂಪು ನಿಲ್ಲಿಸಿ ಬಂದ ಗಂಡ ಸಣ್ಣಸ್ವಾಮಿ ವಿಷಯ ಕೇಳಿ ನಗಲೂ ಇಲ್ಲ, ಬೈಯಲೂ ಇಲ್ಲ. ಮಗಳು ಹೋದ ಮೇಲೆ ಅವನಿಗೆ ಎರಡೂ ಮರೆತುಹೋಗಿತ್ತು. ಕಲ್ಲನ್ನು ಇಸಿದುಕೊಂಡು ಅಂಗೈಯಲ್ಲಿ ಹೊರಳಿಸುತ್ತಾ ನಾಲೆ ಏರಿಯ ಮೇಲೆ ಕೂತ. ದಿನಾ ಸಂಜೆ ಗಂಡ ಹೆಂಡತಿ ಕೂರುವ ಜಾಗ ಅದು. ಮಾತಿರುವುದಿಲ್ಲ. ಒಬ್ಬರು ಉಸಿರು ಬಿಟ್ಟರೆ ಇನ್ನೊಬ್ಬರಿಗೆ ಗೊತ್ತಾಗುತ್ತದೆ. ಅಷ್ಟರಲ್ಲೇ ಅವರ ಸಂಸಾರ ನಡೆದಿತ್ತು.

ಆಗಲೇ ಬೈಕಿನ ಸದ್ದಾಯಿತು. ಅಳಿಯ ಸುದೀಪ್ ಮಾದಾಪುರದಿಂದ ಬಂದಿದ್ದ, ಕೈಯಲ್ಲಿ ಹಣ್ಣಿನ ಕವರು. ಆರೋಗ್ಯ ವಿಚಾರಿಸಿದ್ದಾಯಿತು, ಈ ಸಲ ಶುಂಠಿಗೆ ಕೊಳೆರೋಗ ಬಂದಿತ್ತಾ ಎಂದು ಕೇಳಿದ್ದಾಯಿತು. ಆದರೂ ಹೆಲ್ಮೆಟ್ಟಿನ ಪಟ್ಟಿ ಜಗ್ಗುತ್ತಾ ನಿಂತೇ ಇದ್ದ.

“ಅದೇನು ಬಾಯ್ಬಿಟ್ಟು ಹೇಳಪ್ಪ, ಪಟ್ಟಿ ಕಿತ್ತು ಕೈಗೆ ಬಂದೀತು” ಎಂದಳು ರಂಗಮ್ಮ.

“ಅತ್ತೆ... ಮನೇಲಿ ಹೆಣ್ಣು ನೋಡಿದಾರೆ. ಸೋಮವಾರಪೇಟೆ ಕಡೆಯೋರು. ನೀವಿಬ್ರೂ ಬೇಜಾರಿಲ್ಲ ಅಂದ್ರೆ ಹೂಂ ಅಂತೀನಿ. ಇಲ್ಲಾಂದ್ರೆ ಬೇಡ. ನಿಜವಾಗ್ಲೂ ಬೇಡ.”

“ಏಯ್, ಬೇಜಾರೇನಪ್ಪ? ನಂಗೇನೂ ಬೇಜಾರಿಲ್ಲ” ಎಂದ ಸಣ್ಣಸ್ವಾಮಿ, ಮನೆಗೆ ಬಂದವರಿಗೆ ಯಾರಾದರೂ ಹೇಳುವ ಹಾಗೆ.

“ರೀ, ಕಲ್ಲು!” ಎಂದು ರಂಗಮ್ಮ ಕೂಗಿದಳು. ಸುದೀಪ್ ಗಾಬರಿಯಾಗಿ ತನ್ನ ಕಾಲಡಿ ನೋಡಿಕೊಂಡ. ಅಷ್ಟರಲ್ಲಿ ಆಗುವುದು ಆಗಿಹೋಗಿತ್ತು.

ಅವಳ ಕಣ್ಣೆದುರಿಗೇ ಗಂಡನ ಕುಗ್ಗಿದ ಭುಜಗಳು ಮೇಲೆದ್ದವು. ಹಣೆಯ ಗಂಟು ಬಿಚ್ಚಿತು. ಕವರಿಗೆ ಕೈಹಾಕಿ ಬಾಳೆಹಣ್ಣು ಸುಲಿದು ಎರಡೇ ತುತ್ತಿಗೆ ತಿಂದ. “ಈ ಹುಡುಗಿಗೆ ಬೈಕ್ ಓಡಿಸೋಕೆ ಬರುತ್ತೇನಯ್ಯ? ನಮ್ಮ ಅನು ನಿನ್ನ ಬೈಕನ್ನ ಸೀದಾ ಗದ್ದೆಗೇ ಇಳಿಸಿದ್ಲಲ್ಲ!” ಎಂದು ಹೊಟ್ಟೆ ಹಿಡಿದುಕೊಂಡು ನಕ್ಕ. ಮಾವ ನಗುವುದನ್ನು ಕಂಡು ಸುದೀಪನೂ ನಕ್ಕ, ನಗುನಗುತ್ತಲೇ ಕಣ್ಣೊರೆಸಿಕೊಂಡ.

ರಂಗಮ್ಮ ಗಂಡನ ಮುಖದಲ್ಲಿ ಹುಡುಕಿದಳು. ಅನು ಎನ್ನುವಾಗ ಅವನ ಕಣ್ಣು ನೆಲಕ್ಕಿಳಿಯುತ್ತಿತ್ತಲ್ಲ, ಅದು ಎಲ್ಲೂ ಇರಲಿಲ್ಲ. ಪಕ್ಕದ ಮನೆ ಹುಡುಗಿಯ ಸುದ್ದಿ ಹೇಳಿದ ಹಾಗಿತ್ತು. ಹತ್ತಿರ ಕೂತು ಪಿಸುಗುಟ್ಟಿದಳು. “ರೀ, ಕಲ್ಲು ಇನ್ನೂ ಕೈಲೇ ಇದೆ. ಬೇಜಾರಿದೆ ಅಂತ ಒಂದ್ಸಲ ಅನ್ರಿ.”

“ಯಾಕೆ? ಇಲ್ವಲ್ಲೇ!”

ಆ ಮಾತಿನಲ್ಲಿ ಮೋಸವಿರಲಿಲ್ಲ. ಅವನೇ ಮೆಲ್ಲಗೆ ಕಲ್ಲನ್ನು ಅವಳ ಅಂಗೈಗಿಟ್ಟು ಬೆರಳು ಮಡಚಿದ. “ನೀನೂ ಅಂದ್ಬಿಡು ರಂಗಿ. ಎಷ್ಟು ಹಗುರ ಗೊತ್ತಾ? ನೀನು ಕೊರಗೋದು ನಂಗೆ ನೋಡೋಕಾಗಲ್ಲ.”

ಕಲ್ಲು ಬೆಚ್ಚಗಿತ್ತು. ಒಂದೇ ಮಾತು. ರಾತ್ರಿ ನಿದ್ದೆ ಬರುತ್ತದೆ. ಬಾಗಿಲ ಹಿಂದಿನ ಮೊಳೆಯಲ್ಲಿ ತೂಗುವ ಮಗಳ ದುಪಟ್ಟಾ ಬರೀ ಬಟ್ಟೆಯಾಗುತ್ತದೆ. ಗಂಡನ ಜೊತೆ ತಾನೂ ನಗಬಹುದು. ಇಲ್ಲವಾದರೆ ಇನ್ನು ಮೇಲೆ ಸಂಜೆ ಏರಿಯ ಮೇಲೆ ತಾನೊಬ್ಬಳೇ, ಪಕ್ಕದಲ್ಲಿ ಅವನು ಕೂತಿದ್ದರೂ.

“ಅತ್ತೆ, ಮಾವ ಹೇಳಿದ್ರು. ನೀವು ಹೇಳ್ಲಿಲ್ಲ” ಎಂದ ಸುದೀಪ್. ಅವಳ ಮುಖ ಸ್ವಲ್ಪ ಬಾಡಿದರೂ ಸಾಕು, ಬೈಕ್ ತಿರುಗಿಸಿ ಹೋಗಿ ಮತ್ತೆಂದೂ ಆ ಮಾತೆತ್ತದ ಹುಡುಗ ಅವನು.

ರಂಗಮ್ಮ ಬಗ್ಗಿ ಕಲ್ಲನ್ನು ನೆಲದ ಮೇಲಿಟ್ಟಳು. ಸೆರಗಿಗೆ ಅಂಗೈ ಒರೆಸಿಕೊಂಡಳು. ಸಾಲದೆಂಬಂತೆ ಇನ್ನೊಮ್ಮೆ ಒರೆಸಿಕೊಂಡಳು. ಆಮೇಲೆ ಅಳಿಯನ ತಲೆ ಸವರಿ ಹೇಳಿದಳು:

“ನಂಗೂ ಏನೂ ಬೇಜಾರಿಲ್ಲ ಕಣಪ್ಪ. ಆಗು.”