ನಳಿಗೆಯ ಮುಂದೆ

"ರೀ, ಮೊದಲ ಬಂದೂಕಿನ ಬಾಯಿ ಗ್ವಾಡಿ ಕಡೆ ತಿರಗಸ್ರಿ!" ದೌಲತಬಿ ಚೀರಿದಳು. ಹುನಗುಂದದ ಹೊಲಕ್ಕೆ ನುಗ್ಗುವ ಕಾಡುಹಂದಿಗಳಿಗೆಂದು ಲೈಸೆನ್ಸ್ ಮಾಡಿಸಿ ತಂದಿದ್ದ ಬಂದೂಕನ್ನು ಗಂಡ ಮುರ್ತುಜಸಾಬ ಒರೆಸುತ್ತ ಕೂತಿದ್ದ. ಅದರ ನಳಿಗೆ, ಮಲಗಿದ್ದ ಮಗಳು ಅರ್ಜುವಿನತ್ತ ನೇರವಾಗಿ ಚಾಚಿತ್ತು.

"ಖಾಲಿ ಐತಿ, ಸುಮ್ನ ಕುಂದರು. ಗುಂಡೆಲ್ಲಾ ಆಗಳೇ ತಗದೇನಿ."

ಅವಳ ಮೈಯೆಲ್ಲ ಉರಿದುಹೋಯಿತು. "ಖಾಲಿ ಇದ್ರ ನಿಮ್ಮ ಕಾಲಿಗೆ ಹಚ್ಚಿ ಟ್ರಿಗರ್ ಒತ್ರಿ, ನೋಡೇ ಬಿಡ್ತೇನಿ!"

ಅವನೂ ಸಿಟ್ಟಿನಿಂದ ನಳಿಗೆಯನ್ನು ಪಾದದತ್ತ ತಿರುಗಿಸಿದ. ಬೆರಳು ಮಾತ್ರ ಮುಂದೆ ಹೋಗಲಿಲ್ಲ. ಕೊನೆಗೆ ಬಂದೂಕನ್ನು ಗೋಡೆಯ ಕಡೆ ಹಿಡಿದು, ಗುಂಡು ತುಂಬುವ ಜಾಗ ತೆರೆಯುವ ಬೋಲ್ಟನ್ನು ಹಿಂದಕ್ಕೆಳೆದ. ಒಳಗೆ ಉಳಿದುಬಿಟ್ಟಿದ್ದ ಕೆಂಪು ಕಾಡತೂಸು ಹಾರಿ ನೆಲಕ್ಕೆ ಬಿತ್ತು.

ದೌಲತಬಿ ನಿದ್ದೆಯಲ್ಲಿದ್ದ ಮಗಳನ್ನು ಹೆಗಲಿಗೆ ಹಾಕಿಕೊಂಡು ಗಂಡನ ಮುಂದೆ ಕೈ ಚಾಚಿದಳು.

"ಬಂದೂಕಿನ ಪೆಟ್ಟಿಗಿ ಚಾವಿ ಕೊಡ್ರಿ."

ಅವನು ತಲೆ ಎತ್ತದೆ ಕೊಟ್ಟ.