ಚಪ್ಪಲಿ ಬಚ್ಚಿಟ್ಟ ಹುಡುಗಿ

ಕುಡಿತ ಬಿಡಿಸುವ ಆಸ್ಪತ್ರೆಯಲ್ಲಿ ಈಗ ಕುಡಿದ ವರ್ಷಗಳನ್ನೆಲ್ಲ ತಲೆಯಿಂದ ತೆಗೆದು, ರೀಲಿಗಿಳಿಸಿ ಕೈಗೆ ಕೊಡುತ್ತಾರೆ. ಗುಣವಾದವರು ಅದನ್ನು ಕತ್ತರಿಸಿ ಜೋಡಿಸಿ ತಮ್ಮ ಬಾಳಿನ ಸಿನಿಮಾ ಮಾಡಿಕೊಳ್ಳುವುದು ಹುಬ್ಬಳ್ಳಿಯಲ್ಲಿ ರೂಢಿಯಾಗಿದೆ. ಬಸವಣ್ಣೆಪ್ಪನೂ ತನ್ನ ರೀಲು ಹಿಡಿದು ಎಡಿಟಿಂಗ್ ಅಂಗಡಿಗೆ ಬಂದು ಕೂತಿದ್ದ. ಅಲ್ಲಿ ಮೇಜಿನಲ್ಲಿದ್ದ ನೀಲಾ ತನ್ನ ಮಗಳೆಂಬುದು ಆ ವರ್ಷಗಳೊಂದಿಗೇ ಅವನ ತಲೆಯಿಂದ ಹೋಗಿತ್ತು.

ಪರದೆಯ ಮೇಲೆ ಸಂಜೆಯಾಗಿತ್ತು. ಪುಟ್ಟ ಹುಡುಗಿಯೊಬ್ಬಳು ಅವನ ಚಪ್ಪಲಿಗಳನ್ನು ಹಿಟ್ಟಿನ ಡಬ್ಬಿಯ ಹಿಂದೆ ಬಚ್ಚಿಟ್ಟಳು. ಅದನ್ನು ಕಂಡೂ ಅವನು ಬರಿಗಾಲಲ್ಲೇ ಸಾರಾಯಿ ಅಂಗಡಿಗೆ ನಡೆದ.

“ಯಾರವ್ವಾ ಈ ಹುಡುಗಿ?”

ನೀಲಾ ರೀಲು ನಿಲ್ಲಿಸಿದಳು. ರೀಲು ನೋಡಿದರೆ ಅಡ್ಡಿಯಿಲ್ಲ, ಅದರಲ್ಲಿರುವವರು ಯಾರೆಂದು ನೆನಪಿಸಿದರೆ ಚಟವೂ ಮರಳುತ್ತದೆಂದು ಡಾಕ್ಟರು ಎಚ್ಚರಿಸಿದ್ದರು.

“ಬಾಜೂ ಮನಿ ಹುಡುಗಿ ಇರಬೇಕ್ರಿ.”

“ಹಂಗಾದ್ರ ತಗದು ಬಿಡು. ನನ್ನ ಕಥಿಯೊಳಗ ಆಕಿದೇನು ಕೆಲಸ?”

ಅವಳು ಕತ್ತರಿಸಿದಳು.

ಹೊರಡುವಾಗ ಬಾಗಿಲಲ್ಲಿ ಅವನ ಚಪ್ಪಲಿ ಇರಲಿಲ್ಲ.

“ಹುಡುಕೋಣ್ರಿ. ಅಲ್ಲೀತನಕ ಕೂಡ್ರಿ, ಚಾ ತರಸ್ತೀನಿ,” ಎಂದಳು ನೀಲಾ.

“ಇರ್ಲಿ ಬಿಡವ್ವಾ,” ಎಂದು ನಕ್ಕು ಅವನು ಬರಿಗಾಲಲ್ಲೇ ಬೀದಿಗಿಳಿದ.

ಮೇಜಿನ ಕೆಳಗಿಂದ ಆ ಚಪ್ಪಲಿಗಳನ್ನು ತೆಗೆದು ಎದೆಗವಚಿಕೊಂಡು, ಅವನು ತಿರುವಿನಲ್ಲಿ ಮರೆಯಾಗುವವರೆಗೂ ನೀಲಾ ಬಾಗಿಲಲ್ಲೇ ನಿಂತಿದ್ದಳು.