ನಡುವೆ ನಿಂತ ಲಿವರ್

"ಲೋ, ಜೀಪ್ ಜಾರ್ತಿದೆ ಕಣೋ!" ಕೆಸರಿನ ಏರಿನಲ್ಲಿ ಹಿಂದಿನ ಚಕ್ರಕ್ಕೆ ಕಲ್ಲು ಕೊಡಲು ಬಗ್ಗಿದ್ದ ಅಕ್ಕ ಕಿರುಚಿದ ಸದ್ದಿಗೆ ಏಳು ಬೆಟ್ಟ ನಡುಗಿದವು.

ಮೂರು ಲೋಕಕ್ಕೂ ತಾನೊಬ್ಬನೇ ಡ್ರೈವರ್ ಎನ್ನುವ ತಮ್ಮ ಆಗಷ್ಟೇ ಇಳಿದಿದ್ದ. ಹ್ಯಾಂಡ್‌ಬ್ರೇಕ್ ಕೆಟ್ಟು ಯುಗವೇ ಕಳೆದಿತ್ತು. "ಗೇರಲ್ಲಿಟ್ಟಿದೀನಿ ಕಣಕ್ಕ, ನೂರು ಆನೆ ತಳ್ಳಿದ್ರೂ ಅಲ್ಲಾಡಲ್ಲ" ಎಂದಿದ್ದ. ಆದರೆ ಏರಿಗೆಂದು ಅವನು ಎಳೆದಿದ್ದ ಫೋರ್‌ವೀಲ್‌ನ ಸಣ್ಣ ಲಿವರ್ 'ಲೋ ರೇಂಜ್'ಗೆ ಹೋಗದೆ ನಡುವಿನ ನ್ಯೂಟ್ರಲ್‌ನಲ್ಲೇ ನಿಂತಿತ್ತು. ಅದು ಅಲ್ಲಿ ನಿಂತರೆ ಯಾವ ಗೇರೂ ಚಕ್ರವನ್ನು ಹಿಡಿಯದು.

ಅವನು ಒಳಗೆ ಹಾರಿ ಬ್ರೇಕ್ ಮೆಟ್ಟಿದ. ಬಂಪರಿಗೂ ಅಕ್ಕನ ಮೂಗಿಗೂ ನಡುವೆ ಇರುವೆ ನುಗ್ಗಲೂ ಜಾಗವಿರಲಿಲ್ಲ.

"ಕಲ್ಲಿಟ್ಟೆ, ಕಾಲು ತೆಗಿಯೋ ಮಹಾರಾಯ."

ಅವನು ಬ್ರೇಕಿನಿಂದ ಕಾಲು ತೆಗೆಯಲಿಲ್ಲ.

"ನೀನು ಮೊದ್ಲು ಈಚೆ ಬಾ ಅಕ್ಕಾ. ನನ್ನ ಮಾತು ನಂಬಬೇಡ."